ಚಿತ್ತಾ ನಕ್ಷತ್ರ

ಕಳೆದ ದಸರೆಯ ರಜೆಯಲ್ಲಿ ಊರಿಗೆ ಹೋಗಿದ್ದಾಗ ನಡೆದ ಒಂದು ಸಣ್ಣ ಸಂಗತಿಯೇ ಈ ಲೇಖನಕ್ಕೆ ಕಾರಣ. ಒಂದು ಸಂಜೆ ನಮ್ಮ ತಂದೆಯವರು ಗೋಡೆಯ ಮೇಲಿನ ಪಂಚಾಂಗವನ್ನು ನೋಡಿ, “ನಾಳೆಯಿಂದ ಚಿತ್ತಾ ಮಳೆ ಹುಟ್ಟುತ್ತದೆ” ಎಂದರು. ಪಕ್ಕದಲ್ಲಿ ಕುಳಿತು ಪಾಠ ಓದುತ್ತಿದ್ದ ನನ್ನ ತಮ್ಮ ತಲೆಯೆತ್ತಿ, “ಅಪ್ಪಾ, ಚಿತ್ತಾ ಅಂದರೆ ನಕ್ಷತ್ರ ಅಲ್ಲವಾ? ಅದು ಎಲ್ಲಿದೆ, ತೋರಿಸು” ಎಂದ. “ನಿಮ್ಮ ಅಣ್ಣನನ್ನು ಕೇಳು, ಕಾಲೇಜು ಓದುತ್ತಾನೆ” ಎಂದು ತಂದೆಯವರು ನಕ್ಕರು. ನನಗೆ ಗೊತ್ತಿರಲಿಲ್ಲ. “ನಾನು ಇತಿಹಾಸದ ವಿದ್ಯಾರ್ಥಿ ಕಣೋ, ಅದೆಲ್ಲ ವಿಜ್ಞಾನದವರ ವಿಷಯ” ಎಂದು ಹೇಳಿ ಜಾರಿಕೊಂಡೆ. ತಮ್ಮ ಮರುಮಾತಾಡದೆ ಪುಸ್ತಕಕ್ಕೆ ತಲೆ ತಗ್ಗಿಸಿದ. ಆದರೆ ಆ ಉತ್ತರವು ನನಗೇ ಸಮಾಧಾನವಾಗಲಿಲ್ಲ. ಹುಟ್ಟಿದಂದಿನಿಂದ ಬಾಯಲ್ಲಿ ಆಡುತ್ತ ಬಂದ ಒಂದು ಹೆಸರಿನ ಅರ್ಥವನ್ನು ತಿಳಿಯಲು ಯಾವ ತರಗತಿಯವನಾದರೇನು? ರಜೆ ಮುಗಿಸಿ ಬಂದ ಮೇಲೆ ಗ್ರಂಥಾಲಯದಲ್ಲಿ ಸಿಕ್ಕಷ್ಟನ್ನು ಓದಿದೆ. ವಿಜ್ಞಾನ ಓದುವ ಸ್ನೇಹಿತರನ್ನು ಕಾಡಿಸಿ ಕೇಳಿದೆ. ಹೀಗೆ ತಿಳಿದುದನ್ನು ನನ್ನಂತಹ ಇತರರಿಗಾಗಿ ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ತಿಳಿದ ಸಂಗತಿಯೇ ವಿಚಿತ್ರವಾಗಿತ್ತು. ಅಂದು ರಾತ್ರಿ ತಮ್ಮನಿಗೆ ಚಿತ್ತಾ ನಕ್ಷತ್ರವನ್ನು ಯಾವ ವಿದ್ವಾಂಸನೂ ತೋರಿಸಲಾಗುತ್ತಿರಲಿಲ್ಲ! ಸೂರ್ಯನು ಒಂದು ವರ್ಷದಲ್ಲಿ ೨೭ ನಕ್ಷತ್ರಗಳ ದಾರಿಯನ್ನು ಸುತ್ತಿ ಬರುತ್ತಾನೆ. ಅವನು ಯಾವ ನಕ್ಷತ್ರದ ಭಾಗದಲ್ಲಿರುವನೋ ಆ ದಿನಗಳ ಮಳೆಗೆ ಆ ನಕ್ಷತ್ರದ ಹೆಸರು. ಅಕ್ಟೋಬರ್ ತಿಂಗಳ ಸುಮಾರು ೧೦ರಿಂದ ೨೩ರವರೆಗೆ ಸೂರ್ಯನು ಚಿತ್ತೆಯ ಭಾಗದಲ್ಲಿರುವುದರಿಂದ ಅದು ಚಿತ್ತಾ ಮಳೆ. ಎಂದರೆ, ಆ ದಿನಗಳಲ್ಲಿ ನಕ್ಷತ್ರವು ಸೂರ್ಯನೊಡನೆಯೇ ಹುಟ್ಟಿ ಸೂರ್ಯನೊಡನೆಯೇ ಮುಳುಗುತ್ತದೆ. ಹಗಲಿನ ಬೆಳಕಿನಲ್ಲಿ ಅಡಗಿರುತ್ತದೆ. ಮಳೆಯ ಹೆಸರು ಕೇಳಿ ಆಕಾಶ ನೋಡುವವನಿಗೆ ಆ ನಕ್ಷತ್ರವೊಂದು ಕಾಣುವುದಿಲ್ಲ.

ಚಿತ್ತೆಯನ್ನು ನೋಡಬೇಕಾದರೆ ಬೇಸಿಗೆಯ ರಾತ್ರಿಗಳೇ ಸರಿ. ಏಪ್ರಿಲ್ ಮಧ್ಯದಲ್ಲಿ ಅದು ಸೂರ್ಯ ಮುಳುಗುವ ಹೊತ್ತಿಗೆ ಪೂರ್ವದಲ್ಲಿ ಹುಟ್ಟಿ, ನಡುರಾತ್ರಿಗೆ ದಕ್ಷಿಣದ ಕಡೆ ಎತ್ತರದಲ್ಲಿ ನಿಲ್ಲುತ್ತದೆ. ಆ ತಿಂಗಳ ಹುಣ್ಣಿಮೆಯ ಚಂದ್ರನು ಚಿತ್ತೆಯ ಹತ್ತಿರ ಇರುವುದರಿಂದಲೇ ಆ ಮಾಸಕ್ಕೆ ಚೈತ್ರವೆಂದು ಹೆಸರು. ಗುರುತಿಸುವುದು ಸುಲಭ. ಉತ್ತರದಲ್ಲಿ ಸಪ್ತರ್ಷಿ ಮಂಡಲವನ್ನು ಹುಡುಕಿರಿ. ಅದರ ಬಾಲದ ಮೂರು ನಕ್ಷತ್ರಗಳು ಒಂದು ಬಿಲ್ಲಿನಂತೆ ಬಾಗಿವೆ. ಆ ಬಾಗನ್ನು ಹಾಗೆಯೇ ಮುಂದುವರಿಸಿದರೆ ಮೊದಲು ಕಿತ್ತಳೆ ಬಣ್ಣದ ಪ್ರಖರವಾದ ಸ್ವಾತಿ ಸಿಗುತ್ತದೆ. ಇನ್ನೂ ಮುಂದುವರಿಸಿದರೆ ನೀಲಿ ಛಾಯೆಯ ಬಿಳಿಯ ಚಿತ್ತಾ. ಸಂಸ್ಕೃತದಲ್ಲಿ ಇದು ಚಿತ್ರಾ, ಹೊಳೆಯುವಂಥದು. ದೇವಶಿಲ್ಪಿಯಾದ ತ್ವಷ್ಟೃ ಇದರ ಅಧಿದೇವತೆ. ಪಾಶ್ಚಾತ್ಯರು ಇದನ್ನು ಕನ್ಯೆಯ ಕೈಯಲ್ಲಿರುವ ಧಾನ್ಯದ ತೆನೆಯೆಂದು ಕಲ್ಪಿಸಿ ಸ್ಪೈಕಾ ಎಂದು ಕರೆದರು.

ಸ್ವಾತಿ ಮತ್ತು ಚಿತ್ತೆಗಳನ್ನು ಒಂದೇ ನೋಟದಲ್ಲಿ ನೋಡಿದರೆ ಎರಡು ವ್ಯತ್ಯಾಸಗಳು ಕಾಣುತ್ತವೆ. ಒಂದು, ಬಣ್ಣ, ಎರಡು, ಪ್ರಕಾಶ. ಬರಿಗಣ್ಣಿಗೆ ಸ್ವಾತಿಯೇ ಹೆಚ್ಚು ಪ್ರಕಾಶವಾದುದು. ಕಣ್ಣು ಹೇಳುವ ಈ ಎರಡು ಮಾತುಗಳಲ್ಲಿ ಮೊದಲನೆಯದು ನಂಬತಕ್ಕುದು, ಎರಡನೆಯದು ಮೋಸಗೊಳಿಸತಕ್ಕುದು.

ಬಣ್ಣದ ಮಾತನ್ನು ಮೊದಲು ನೋಡೋಣ. ಕಮ್ಮಾರನ ಕುಲುಮೆಯ ಮುಂದೆ ನಿಂತವರಿಗೆಲ್ಲ ಇದು ಗೊತ್ತು. ಕಬ್ಬಿಣವು ಕಾಯುತ್ತ ಹೋದಂತೆ ಮೊದಲು ಮಂಕಾದ ಕೆಂಪು, ಬಳಿಕ ಕಿತ್ತಳೆ, ಆಮೇಲೆ ಹಳದಿ, ಕೊನೆಗೆ ಬೆಳ್ಳಗೆ ಹೊಳೆಯುತ್ತದೆ. ಕಬ್ಬಿಣವು ಅಲ್ಲಿಗೆ ಕರಗಿಹೋಗುವುದರಿಂದ ಕಮ್ಮಾರನ ಪಾಠ ಅಲ್ಲಿಗೆ ಮುಗಿಯುತ್ತದೆ. ಆದರೆ ನಕ್ಷತ್ರಗಳ ಪಾಠ ಇನ್ನೂ ಮುಂದೆ ಸಾಗುತ್ತದೆ. ಬಿಳುಪನ್ನು ದಾಟಿ ಇನ್ನೂ ಕಾಯಿಸಿದರೆ ಬರುವ ಬಣ್ಣ ನೀಲಿ. ಸ್ವಾತಿಯ ಮೇಲ್ಮೈಯ ಉಷ್ಣತೆ ಸುಮಾರು ೪,೩೦೦ ಕೆಲ್ವಿನ್. ನಮ್ಮ ಸೂರ್ಯನದು ೫,೮೦೦ ಕೆಲ್ವಿನ್. ಚಿತ್ತೆಯದು ಸುಮಾರು ೨೫,೦೦೦ ಕೆಲ್ವಿನ್! ಇಷ್ಟು ಕಾದ ವಸ್ತುವಿನ ಬೆಳಕಿನ ಬಹುಭಾಗವು ನೇರಳೆಯನ್ನೂ ದಾಟಿ, ನಮ್ಮ ಕಣ್ಣಿಗೆ ಕಾಣದ ನೇರಳಾತೀತ ಕಿರಣಗಳಾಗಿ ಹೊರಬರುತ್ತದೆ. ಆದುದರಿಂದ ನಾವು ನೋಡುವುದು ಚಿತ್ತೆಯ ಬೆಳಕಿನಲ್ಲಿ ಒಂದು ಸಣ್ಣ ಪಾಲನ್ನು ಮಾತ್ರ.

ಇನ್ನು ಪ್ರಕಾಶದ ಮಾತು. ಮನೆಯೊಳಗಿನ ಹಣತೆಯು ದೂರದ ಬೆಟ್ಟದ ಮೇಲಿನ ಕಾಡುಗಿಚ್ಚಿಗಿಂತ ಹೆಚ್ಚು ಬೆಳಗುವಂತೆ ಕಾಣುವುದುಂಟು. ಸ್ವಾತಿಯು ನಮಗೆ ೩೭ ಜ್ಯೋತಿರ್ವರ್ಷಗಳ ದೂರದಲ್ಲಿದೆ. ಚಿತ್ತೆಯು ಸುಮಾರು ೨೫೦ ಜ್ಯೋತಿರ್ವರ್ಷಗಳ ದೂರದಲ್ಲಿದೆ. ಒಂದು ಸೆಕೆಂಡಿನಲ್ಲಿ ಮೂರು ಲಕ್ಷ ಕಿಲೋಮೀಟರ್ ಓಡುವ ಬೆಳಕು ಅಲ್ಲಿಂದ ಇಲ್ಲಿಗೆ ಬರಲು ೨೫೦ ವರ್ಷ ಬೇಕು. ಇತಿಹಾಸದ ವಿದ್ಯಾರ್ಥಿಯ ಲೆಕ್ಕದಲ್ಲಿ ಹೇಳುವುದಾದರೆ, ಇಂದು ನಮ್ಮ ಕಣ್ಣನ್ನು ಸೇರುವ ಚಿತ್ತೆಯ ಬೆಳಕು ಅಲ್ಲಿಂದ ಹೊರಟಾಗ ಮೈಸೂರಿನಲ್ಲಿ ಹೈದರಾಲಿಯ ಆಡಳಿತವಿದ್ದಿತು. ಚಿತ್ತೆಯನ್ನು ತಂದು ಸ್ವಾತಿಯಷ್ಟೇ ಹತ್ತಿರದಲ್ಲಿ ನಿಲ್ಲಿಸಿದರೆ ಅದು ಈಗಿನ ೪೫ ಪಟ್ಟು ಪ್ರಕಾಶದಿಂದ ಹೊಳೆಯುವುದು. ಸ್ವಾತಿಯನ್ನಷ್ಟೇ ಅಲ್ಲ, ಆಕಾಶದ ಎಲ್ಲ ನಕ್ಷತ್ರಗಳನ್ನೂ ಮಂಕಾಗಿಸುವುದು.

ಹಾಗಾದರೆ ಅದರ ನಿಜವಾದ ಪ್ರಕಾಶವೆಷ್ಟು? ಈ ಲೆಕ್ಕವನ್ನು ನಾವೂ ಮಾಡಬಹುದು. ಕಾದ ವಸ್ತುವಿನ ಒಂದು ಚದರ ಅಡಿಯಿಂದ ಹೊರಡುವ ಶಕ್ತಿಯು ಅದರ ಉಷ್ಣತೆಯ ನಾಲ್ಕನೆಯ ಘಾತವನ್ನು ಅನುಸರಿಸುತ್ತದೆ. ಉಷ್ಣತೆ ಎರಡರಷ್ಟಾದರೆ ಶಕ್ತಿ ೧೬ರಷ್ಟಾಗುತ್ತದೆ. ಚಿತ್ತೆಯ ಉಷ್ಣತೆ ಸೂರ್ಯನಿಗಿಂತ ಸುಮಾರು ೪.೩ ಪಟ್ಟು, ಇದರ ನಾಲ್ಕನೆಯ ಘಾತ ೩೪೦ಕ್ಕಿಂತ ಸ್ವಲ್ಪ ಹೆಚ್ಚು. ಇನ್ನು ಗಾತ್ರ. ಚಿತ್ತೆಯ ವ್ಯಾಸ ಸೂರ್ಯನ ವ್ಯಾಸದ ಏಳೂವರೆ ಪಟ್ಟು. ಆದುದರಿಂದ ಅದರ ಮೇಲ್ಮೈ ೫೬ ಪಟ್ಟು. ಎರಡನ್ನೂ ಗುಣಿಸಿದರೆ ಸುಮಾರು ೧೯,೦೦೦ ಬರುತ್ತದೆ. ಶಾಸ್ತ್ರಜ್ಞರು ಹೆಚ್ಚು ಸೂಕ್ಷ್ಮವಾಗಿ ಲೆಕ್ಕಮಾಡಿ ೨೦,೦೦೦ ಎನ್ನುತ್ತಾರೆ. ಇಪ್ಪತ್ತು ಸಾವಿರ ಸೂರ್ಯರು ಒಂದೆಡೆ ಸೇರಿದಂತಹ ಬೆಳಕು ನಮಗೆ ಒಂದು ಚುಕ್ಕೆಯಾಗಿ ಕಾಣುತ್ತಿದೆ!

ಆದರೆ ಆ ವ್ಯಾಸವನ್ನು ಅಳೆದವರಾರು? ಉಷ್ಣತೆಯನ್ನು ಹೇಳಿದವರಾರು? ಕೈಗೆ ಸಿಗದ, ಹತ್ತಿರ ಹೋಗಲಾಗದ ಒಂದು ಬೆಂಕಿಯ ವಿಷಯದಲ್ಲಿ ಇಷ್ಟು ಧೈರ್ಯದಿಂದ ಮಾತನಾಡುವುದು ಹೇಗೆ ಸಾಧ್ಯ? ನನಗೆ ಬಂದ ಮುಖ್ಯ ಸಂದೇಹ ಇದೇ ಆಗಿತ್ತು. ಇದಕ್ಕೆ ಉತ್ತರವನ್ನು ಹುಡುಕುತ್ತ ಹೋದಾಗ ನಮ್ಮ ದೇಶದ ಒಬ್ಬ ಮಹನೀಯರ ಹೆಸರು ಎದುರಾಯಿತು. ಅವರು ಮೇಘನಾದ ಸಹಾ.

ನಕ್ಷತ್ರದ ಬೆಳಕನ್ನು ಪಟ್ಟಕದ ಮೂಲಕ ಹಾಯಿಸಿದರೆ ಅದು ಕಾಮನಬಿಲ್ಲಿನಂತೆ ಬಣ್ಣಗಳಾಗಿ ಹರಡುತ್ತದೆ. ಇದಕ್ಕೆ ರೋಹಿತವೆಂದು ಹೆಸರು. ಅದರಲ್ಲಿ ಅಲ್ಲಲ್ಲಿ ಕಪ್ಪು ಗೆರೆಗಳಿರುತ್ತವೆ. ಒಂದೊಂದು ಧಾತುವಿಗೂ ತನ್ನದೇ ಆದ ಗೆರೆಗಳ ಗುಂಪು ಉಂಟು. ಅದು ಆ ಧಾತುವಿನ ಹೆಬ್ಬೆಟ್ಟಿನ ಗುರುತಿದ್ದಂತೆ. ಸೂರ್ಯನ ರೋಹಿತದಲ್ಲಿ ಕಬ್ಬಿಣ, ಸುಣ್ಣದ ಧಾತುವಾದ ಕ್ಯಾಲ್ಸಿಯಂ ಮೊದಲಾದವುಗಳ ಗೆರೆಗಳು ನೂರಾರು. ಆದರೆ ಚಿತ್ತೆಯ ರೋಹಿತದಲ್ಲಿ ಇಂತಹ ಲೋಹಗಳ ಗೆರೆಗಳು ಬಹು ಕ್ಷೀಣ. ಅಲ್ಲಿ ಎದ್ದು ಕಾಣುವುವು ಜಲಜನಕ ಮತ್ತು ಹೀಲಿಯಂ ಗೆರೆಗಳು. ಈ ಹೀಲಿಯಂ ಎಂಬುದು ಭೂಮಿಯ ಮೇಲೆ ಸಿಗುವುದಕ್ಕೆ ಮುಂಚೆ ಸೂರ್ಯನಲ್ಲಿ ಸಿಕ್ಕಿದ ಧಾತು. ೧೮೬೮ನೆಯ ಆಗಸ್ಟ್ ೧೮ರ ಪೂರ್ಣ ಸೂರ್ಯಗ್ರಹಣದ ನೆರಳು ನಮ್ಮ ನಾಡಿನ ಮೇಲೆಯೂ ಹಾದುಹೋಯಿತು. ಗುಂಟೂರಿನಲ್ಲಿ ಫ್ರೆಂಚ್ ವಿದ್ವಾಂಸ ಜಾನ್ಸೆನ್ನನೂ ನಮ್ಮ ಜಮಖಂಡಿಯಲ್ಲಿ ಲೆಫ್ಟಿನೆಂಟ್ ಜಾನ್ ಹರ್ಷೆಲ್ಲನೂ ಸೂರ್ಯನ ಅಂಚಿನ ಜ್ವಾಲೆಗಳ ರೋಹಿತವನ್ನು ನೋಡಿದರು. ಆ ವರ್ಷದ ಇಂತಹ ವೀಕ್ಷಣೆಗಳಿಂದಲೇ ಹೀಲಿಯಮ್ಮಿನ ಹಳದಿ ಗೆರೆಯ ಸುಳಿವು ಸಿಕ್ಕಿದುದು. ಭೂಮಿಯ ಮೇಲೆ ಅದು ರ್‍ಯಾಮ್ಸೆಗೆ ಸಿಕ್ಕಿದುದು ೧೮೯೫ರಲ್ಲಿ.

ಹಾಗಾದರೆ ಚಿತ್ತೆಯು ಹೀಲಿಯಮ್ಮಿನಿಂದಲೂ ಸೂರ್ಯನು ಕಬ್ಬಿಣದಿಂದಲೂ ಆದುವೆ? ಹಲವರು ಹಾಗೆ ಊಹಿಸಿದ್ದರು. ೧೯೨೦ರಲ್ಲಿ, ಇನ್ನೂ ಇಪ್ಪತ್ತೇಳು ವರ್ಷವೂ ತುಂಬಿರದ ಸಹಾ ಅವರು ಈ ಗಂಟನ್ನು ಬಿಡಿಸಿದರು. ಉಷ್ಣತೆ ಹೆಚ್ಚಿದಂತೆ ಪರಮಾಣುಗಳು ಒಂದಕ್ಕೊಂದು ಬಲವಾಗಿ ಡಿಕ್ಕಿ ಹೊಡೆದು ತಮ್ಮ ಹೊರಗಿನ ಎಲೆಕ್ಟ್ರಾನುಗಳನ್ನು ಕಳೆದುಕೊಳ್ಳುತ್ತವೆ. ಎಲೆಕ್ಟ್ರಾನನ್ನು ಕಳೆದುಕೊಂಡ ಪರಮಾಣುವು ತನ್ನ ಹಳೆಯ ಗೆರೆಗಳನ್ನು ತೋರಿಸಲಾರದು. ಕಬ್ಬಿಣ, ಕ್ಯಾಲ್ಸಿಯಂಗಳು ತಮ್ಮ ಹೊರಗಿನ ಎಲೆಕ್ಟ್ರಾನನ್ನು ಬೇಗನೆ ಬಿಟ್ಟುಕೊಡುತ್ತವೆ. ಹೀಲಿಯಮ್ಮಾದರೋ ಜಿಪುಣನು ಹಣವನ್ನು ಹಿಡಿದಂತೆ ಗಟ್ಟಿಯಾಗಿ ಹಿಡಿದುಕೊಂಡಿರುತ್ತದೆ. ಇಪ್ಪತ್ತು ಸಾವಿರ ಡಿಗ್ರಿಯಂತಹ ಉಷ್ಣತೆಯಲ್ಲಿ ಮಾತ್ರ ಅದರ ಎಲೆಕ್ಟ್ರಾನುಗಳು ಕದಲಿ ಗೆರೆಗಳನ್ನು ಪ್ರಬಲವಾಗಿ ತೋರುತ್ತವೆ. ಯಾವ ಉಷ್ಣತೆಯಲ್ಲಿ, ಯಾವ ಒತ್ತಡದಲ್ಲಿ, ಎಷ್ಟು ಪರಮಾಣುಗಳು ಒಡೆದಿರುತ್ತವೆ ಎಂಬುದಕ್ಕೆ ಸಹಾ ಅವರು ಒಂದು ಸಮೀಕರಣವನ್ನು ಕೊಟ್ಟರು. ಆ ದಿನದಿಂದ ರೋಹಿತದ ಗೆರೆಗಳು ನಕ್ಷತ್ರಗಳ ಉಷ್ಣಮಾಪಕವಾದುವು. ೧೯೨೫ರಲ್ಲಿ ಸಿಸಿಲಿಯಾ ಪೇಯ್ನ್ ಎಂಬ ಮಹಿಳೆ ಇದೇ ಸಮೀಕರಣವನ್ನು ಬಳಸಿ, ನಕ್ಷತ್ರಗಳೆಲ್ಲ ಬಹುಮಟ್ಟಿಗೆ ಒಂದೇ ದ್ರವ್ಯದಿಂದ ಆದುವೆಂದೂ ಅದರಲ್ಲಿ ಜಲಜನಕ, ಹೀಲಿಯಂಗಳೇ ಅತ್ಯಧಿಕವೆಂದೂ ತೋರಿಸಿದಳು. ಚಿತ್ತೆಗೂ ಸೂರ್ಯನಿಗೂ ಮೂಲದ್ರವ್ಯದಲ್ಲಿ ಭೇದವಿಲ್ಲ, ಭೇದವಿರುವುದು ಕಾವಿನಲ್ಲಿ.

ರೋಹಿತವು ಇನ್ನೊಂದು ಗುಟ್ಟನ್ನೂ ಹೊರಗೆಡಹಿತು. ೧೮೯೦ರಲ್ಲಿ ಜರ್ಮನಿಯ ಪಾಟ್ಸ್‌ಡಾಮ್ ವೀಕ್ಷಣಾಲಯದ ಫೋಗೆಲ್ ಎಂಬ ವಿದ್ವಾಂಸನು ಚಿತ್ತೆಯ ಗೆರೆಗಳು ಒಮ್ಮೆ ನೀಲಿಯ ಕಡೆಗೂ ಇನ್ನೊಮ್ಮೆ ಕೆಂಪಿನ ಕಡೆಗೂ ಸರಿಯುವುದನ್ನು ಕಂಡನು. ನಮ್ಮ ಕಡೆ ಬರುತ್ತಿರುವ ರೈಲಿನ ಶಿಳ್ಳೆ ತೀಕ್ಷ್ಣವಾಗಿಯೂ ದೂರ ಸರಿಯುವ ರೈಲಿನ ಶಿಳ್ಳೆ ಮಂದ್ರವಾಗಿಯೂ ಕೇಳುವುದಷ್ಟೆ? ಬೆಳಕಿಗೂ ಇದೇ ನಿಯಮ. ಚಿತ್ತೆಯು ಸೆಕೆಂಡಿಗೆ ಸುಮಾರು ೧೨೦ ಕಿಲೋಮೀಟರ್ ವೇಗದಿಂದ ನಮ್ಮತ್ತ ಬಂದು ಮತ್ತೆ ಹಿಂದೆ ಸರಿಯುತ್ತಿದ್ದಿತು. ಒಂದು ಸುತ್ತಿಗೆ ನಾಲ್ಕು ದಿನ. ಹೀಗೆ ಓಲಾಡುವುದಕ್ಕೆ ಕಾರಣ ಒಂದೇ: ಅಲ್ಲಿರುವುದು ಒಂದು ನಕ್ಷತ್ರವಲ್ಲ, ಎರಡು! ಕೋಲಾಟದವರು ಸುತ್ತಿ ತಿರುಗುವಂತೆ ಎರಡು ಬಿಸಿ ನಕ್ಷತ್ರಗಳು ಒಂದನ್ನೊಂದು ಸುತ್ತುತ್ತಿವೆ. ನಾನು ಇದುವರೆಗೆ ಹೇಳಿದ ಅಳತೆಗಳೆಲ್ಲ ದೊಡ್ಡದರವು. ಅದರ ತೂಕ ಸೂರ್ಯನ ಸುಮಾರು ೧೧ ಪಟ್ಟು. ಸಂಗಾತಿಯದು ಸುಮಾರು ೭ ಪಟ್ಟು. ಇವೆರಡರ ನಡುವಣ ದೂರ ಸುಮಾರು ಎರಡು ಕೋಟಿ ಕಿಲೋಮೀಟರ್; ಬುಧಗ್ರಹಕ್ಕೂ ಸೂರ್ಯನಿಗೂ ಇರುವ ದೂರದ ಮೂರನೆಯ ಒಂದು ಪಾಲು ಮಾತ್ರ. ಇಷ್ಟು ಹತ್ತಿರವಿರುವುದರಿಂದ ಚಂದ್ರನು ಕಡಲನ್ನು ಸೆಳೆಯುವಂತೆ ಇವು ಒಂದರ ಮೈಯನ್ನೊಂದು ಸೆಳೆದು, ಎರಡೂ ಮೊಟ್ಟೆಯಂತೆ ನೀಳವಾಗಿವೆ. ಅವು ತಿರುಗುವಾಗ ಒಮ್ಮೆ ಮಗ್ಗುಲನ್ನೂ ಒಮ್ಮೆ ತುದಿಯನ್ನೂ ನಮಗೆ ತೋರಿಸುವುದರಿಂದ ಚಿತ್ತೆಯ ಪ್ರಕಾಶವು ಅತಿ ಸ್ವಲ್ಪವಾಗಿ ಏರಿಳಿಯುತ್ತದೆ.

ಇನ್ನು ವ್ಯಾಸದ ಅಳತೆ. ಯಾವ ದೊಡ್ಡ ದೂರದರ್ಶಕದಿಂದ ನೋಡಿದರೂ ಚಿತ್ತೆಯು ಒಂದು ಬಿಂದುವೇ. ಅದರ ತಟ್ಟೆಯು ನಮ್ಮ ಕಣ್ಣಿನಲ್ಲಿ ಮಾಡುವ ಕೋನ ಎಷ್ಟು ಸಣ್ಣದೆಂದರೆ, ಎರಡೂವರೆ ಸೆಂಟಿಮೀಟರ್ ಅಗಲದ ಒಂದು ನಾಣ್ಯವನ್ನು ೫,೫೦೦ ಕಿಲೋಮೀಟರ್ ದೂರದಿಂದ ನೋಡಿದಷ್ಟು. ಇದನ್ನು ಅಳೆದವರು ರಾಬರ್ಟ್ ಹ್ಯಾನ್ಬರಿ ಬ್ರೌನ್ ಮತ್ತು ಅವರ ಸಂಗಡಿಗರು. ಹ್ಯಾನ್ಬರಿ ಬ್ರೌನ್ ಅವರು ಹುಟ್ಟಿದುದು ೧೯೧೬ರಲ್ಲಿ, ನಮ್ಮ ನೆರೆಯ ನೀಲಗಿರಿಯ ಅರುವಂಕಾಡಿನಲ್ಲಿ. ಅವರು ಆಸ್ಟ್ರೇಲಿಯದ ನ್ಯಾರಬ್ರೈ ಎಂಬಲ್ಲಿ ೧೮೮ ಮೀಟರ್ ವ್ಯಾಸದ ವರ್ತುಲಾಕಾರದ ರೈಲು ಹಳಿಯನ್ನು ಹಾಕಿಸಿ, ಅದರ ಮೇಲೆ ಓಡಾಡುವ ಎರಡು ಭಾರಿ ಕನ್ನಡಿಗಳನ್ನು ನಿಲ್ಲಿಸಿದರು. ಒಂದೊಂದು ಕನ್ನಡಿಯೂ ೨೫೨ ಚಿಕ್ಕ ಕನ್ನಡಿಗಳನ್ನು ಜೋಡಿಸಿ ಮಾಡಿದುದು. ಎರಡು ಕನ್ನಡಿಗಳಿಗೂ ಒಂದೇ ನಕ್ಷತ್ರದ ಬೆಳಕನ್ನು ಹಿಡಿದು, ಆ ಬೆಳಕಿನ ಸೂಕ್ಷ್ಮವಾದ ಏರಿಳಿತಗಳು ಎಷ್ಟರಮಟ್ಟಿಗೆ ಒಂದಕ್ಕೊಂದು ಹೊಂದುತ್ತವೆ ಎಂದು ನೋಡುವುದೇ ಅವರ ಉಪಾಯ. ಕನ್ನಡಿಗಳನ್ನು ದೂರ ಸರಿಸಿದಂತೆಲ್ಲ ಹೊಂದಿಕೆ ಕಡಿಮೆಯಾಗುತ್ತದೆ. ನಕ್ಷತ್ರದ ತಟ್ಟೆ ದೊಡ್ಡದಾದಷ್ಟೂ ಬೇಗ ಕಡಿಮೆಯಾಗುತ್ತದೆ. ಇದರಿಂದ ವ್ಯಾಸದ ಕೋನ ಸಿಗುತ್ತದೆ. ಮೊದಲು ಇದನ್ನು ಕೇಳಿದ ಅನೇಕ ಭೌತಶಾಸ್ತ್ರಜ್ಞರು ಇದು ಅಸಾಧ್ಯವೆಂದೇ ವಾದಿಸಿದ್ದರಂತೆ.

೧೯೭೧ರಲ್ಲಿ ಇವರು ಚಿತ್ತೆಯ ಫಲಿತಾಂಶವನ್ನು ಪ್ರಕಟಿಸಿದರು. ಅದರಲ್ಲಿ ಒಂದು ಸೊಗಸಾದ ಯುಕ್ತಿಯಿದೆ. ರೋಹಿತದಿಂದ ಜೋಡಿ ನಕ್ಷತ್ರಗಳ ವೇಗವೂ ಕಾಲವೂ ಗೊತ್ತಾಗುವುದರಿಂದ, ಅವುಗಳ ಸುತ್ತುದಾರಿ ಎಷ್ಟು ಕಿಲೋಮೀಟರ್ ಎಂದು ಹೇಳಬಹುದು. ನ್ಯಾರಬ್ರೈಯ ಯಂತ್ರದಿಂದ ಅದೇ ದಾರಿಯ ಓರೆಯೂ, ಅದು ನಮ್ಮ ಕಣ್ಣಿಗೆ ಮಾಡುವ ಕೋನವೂ ಗೊತ್ತಾಯಿತು. ಒಂದು ವಸ್ತುವಿನ ನಿಜವಾದ ಅಳತೆ, ಅದು ಕಾಣುವ ಅಳತೆ ಎರಡೂ ತಿಳಿದರೆ ಅದು ಎಷ್ಟು ದೂರದಲ್ಲಿದೆ ಎಂಬುದು ಹೈಸ್ಕೂಲಿನ ಗಣಿತ. ಹೀಗೆ ದೂರ, ತೂಕ, ವ್ಯಾಸ ಎಲ್ಲವೂ ಒಂದೇ ಬಲೆಗೆ ಬಿದ್ದುವು. ೧೯೮೯ರಲ್ಲಿ ಹಾರಿಸಿದ ಹಿಪ್ಪಾರ್ಕಾಸ್ ಉಪಗ್ರಹವು ಬೇರೊಂದು ವಿಧಾನದಿಂದ ದೂರವನ್ನು ಅಳೆಯಿತು. ಆ ಅಳತೆಗಳಿಂದ ಬಂದುದೇ ಮೇಲೆ ಹೇಳಿದ ೨೫೦ ಜ್ಯೋತಿರ್ವರ್ಷ. ಎರಡು ಬೇರೆ ಬೇರೆ ದಾರಿಗಳಿಂದ ಹೋದವರು ಹೆಚ್ಚುಕಡಮೆ ಒಂದೇ ಊರನ್ನು ತಲಪಿದರೆ ಆ ದಾರಿಗಳನ್ನು ನಂಬಬಹುದಲ್ಲವೆ?

ಇಷ್ಟೊಂದು ಬೆಳಕನ್ನು ಚೆಲ್ಲುವ ನಕ್ಷತ್ರ ಎಷ್ಟು ಕಾಲ ಬಾಳೀತು? ಇಲ್ಲಿ ನಮ್ಮ ಮನಸ್ಸಿಗೆ ಒಂದು ಪೆಟ್ಟು ಬೀಳುತ್ತದೆ. ನಕ್ಷತ್ರದ ಒಡಲಿನಲ್ಲಿ ಜಲಜನಕವು ಹೀಲಿಯಮ್ಮಾಗಿ ಮಾರ್ಪಡುವುದರಿಂದ ಶಕ್ತಿ ಹುಟ್ಟುತ್ತದೆ. ಚಿತ್ತೆಯಂತಹ ಭಾರಿ ನಕ್ಷತ್ರಗಳಲ್ಲಿ ಈ ಕ್ರಿಯೆಯು ಇಂಗಾಲ, ಸಾರಜನಕ, ಆಮ್ಲಜನಕಗಳ ಸಹಾಯದಿಂದ ನಡೆಯುತ್ತದೆ. ಕಾವು ತುಸುವೇ ಹೆಚ್ಚಿದರೂ ಅದರ ವೇಗ ಬಹುವಾಗಿ ಹೆಚ್ಚುತ್ತದೆ. ಚಿತ್ತೆಯ ಬಂಡವಾಳ ಸೂರ್ಯನ ೧೧ ಪಟ್ಟು. ಖರ್ಚು ೨೦,೦೦೦ ಪಟ್ಟು. ಇಂತಹ ಮನೆತನ ಎಷ್ಟು ದಿನ ಬಾಳೀತೆಂದು ಹೇಳಲು ಅರ್ಥಶಾಸ್ತ್ರದ ವಿದ್ಯಾರ್ಥಿಯೇ ಬೇಕಿಲ್ಲ. ಸೂರ್ಯನ ಆಯುಸ್ಸು ಸುಮಾರು ಸಾವಿರ ಕೋಟಿ ವರ್ಷವಾದರೆ ಚಿತ್ತೆಯದು ಹೆಚ್ಚೆಂದರೆ ಎರಡು ಕೋಟಿ ವರ್ಷಗಳ ಆಸುಪಾಸು. ಅದರಲ್ಲಿ ಒಂದು ಕೋಟಿಗೂ ಮಿಗಿಲಾದ ವರ್ಷಗಳು ಆಗಲೇ ಕಳೆದಿವೆ. ಜಲಜನಕ ಮುಗಿದ ಮೇಲೆ ಅದು ಉಬ್ಬಿ ಕೆಂಪಾಗಿ, ಕೊನೆಗೆ ಮಹಾಸ್ಫೋಟದಲ್ಲಿ ಸಿಡಿದುಹೋಗುವುದೆಂದು ಶಾಸ್ತ್ರಜ್ಞರ ಎಣಿಕೆ. ಅಷ್ಟು ದೂರದಲ್ಲಿ ನಡೆಯುವುದರಿಂದ ಭೂಮಿಗೆ ಅಪಾಯವಿಲ್ಲ.

ನಮ್ಮ ಶಾಸನಗಳಲ್ಲಿ ದಾನವು “ಆಚಂದ್ರಾರ್ಕತಾರಂ” ನಡೆಯಲಿ ಎಂದು ಬರೆಯುತ್ತಿದ್ದರು. ಚಂದ್ರ, ಸೂರ್ಯ, ತಾರೆಗಳು ಇರುವತನಕ ಎಂದು ಅರ್ಥ. ಚಿತ್ತೆಯ ವಯಸ್ಸನ್ನು ತಿಳಿದ ಮೇಲೆ ಈ ಮಾತನ್ನು ಓದುವಾಗ ನನಗೆ ಬೇರೆಯೇ ಒಂದು ಭಾವನೆ ಬರುತ್ತದೆ. ಬೆಂಗಳೂರಿನ ಲಾಲ್‌ಬಾಗಿನ ಬಂಡೆ ಸುಮಾರು ಮುನ್ನೂರು ಕೋಟಿ ವರ್ಷಗಳಷ್ಟು ಹಳೆಯದು. ಅದರ ಮುಂದೆ ಚಿತ್ತೆಯು ನಿನ್ನೆ ಮೊನ್ನೆ ಹುಟ್ಟಿದ ಕೂಸು. ಶಾಸನದ ಮಾತು ತಾರೆಯನ್ನು ನಂಬಿತು. ಆದರೆ ಅದನ್ನು ಕೆತ್ತಿದ ಕಲ್ಲೇ ಈ ತಾರೆಗಿಂತ ಹಳೆಯದು. ಅಷ್ಟೇ ಅಲ್ಲ, ಈ ಕೂಸಿನ ಚರ್ಯೆ ನಮ್ಮ ಕಣ್ಣೆದುರಿಗೇ ಬದಲಾಗಿದೆ. ೧೯೬೦ರ ದಶಕದ ಕೊನೆಯಲ್ಲಿ ಚಿತ್ತೆಯ ದೊಡ್ಡ ನಕ್ಷತ್ರವು ಸುಮಾರು ನಾಲ್ಕು ಗಂಟೆಗೊಮ್ಮೆ ನಾಡಿ ಮಿಡಿದಂತೆ ಉಬ್ಬಿ ತಗ್ಗುತ್ತಿರುವುದನ್ನು ಕಂಡುಹಿಡಿದರು. ಕೆಲವೇ ವರ್ಷಗಳಲ್ಲಿ, ೧೯೭೦ರ ದಶಕದ ಆರಂಭದಲ್ಲಿ, ಆ ಮಿಡಿತ ಪ್ರಕಾಶದಲ್ಲಿ ಕಾಣದಷ್ಟು ಕ್ಷೀಣವಾಯಿತು.

ಸ್ಥಿರವಲ್ಲದ ಈ ನಕ್ಷತ್ರವನ್ನೇ ಮಾನವನು ಕಾಲಗಣನೆಯ ಗೂಟವನ್ನಾಗಿ ಮಾಡಿಕೊಂಡಿದ್ದಾನೆ. ಕ್ರಿಸ್ತಪೂರ್ವ ಎರಡನೆಯ ಶತಮಾನದಲ್ಲಿ ಗ್ರೀಸಿನ ಹಿಪ್ಪಾರ್ಕಸನು ಚಿತ್ತೆಯ ಸ್ಥಾನವನ್ನು ಅಳೆದು, ತನಗಿಂತ ಸುಮಾರು ನೂರೈವತ್ತು ವರ್ಷ ಹಿಂದಿನ ಟಿಮೋಕಾರಿಸನ ಅಳತೆಯೊಡನೆ ಹೋಲಿಸಿದನು. ಹಗಲೂ ಇರುಳೂ ಸಮನಾಗುವ ವಿಷುವದ್ಬಿಂದುವಿಗೂ ಚಿತ್ತೆಗೂ ಇದ್ದ ಅಂತರ ಎರಡು ಡಿಗ್ರಿಗಳಷ್ಟು ಬದಲಾಗಿತ್ತು. ಭೂಮಿಯ ಅಕ್ಷವು ಬುಗುರಿಯ ಮೊಳೆಯಂತೆ ನಿಧಾನವಾಗಿ ತೂಗುತ್ತಿರುವುದೇ ಇದಕ್ಕೆ ಕಾರಣ. ಈ ಸರಿತವೇ ಅಯನಚಲನೆ; ೭೨ ವರ್ಷಗಳಿಗೆ ಸುಮಾರು ಒಂದು ಡಿಗ್ರಿ. ನಮ್ಮ ಸೂರ್ಯಸಿದ್ಧಾಂತವು ಚಿತ್ತೆಯನ್ನು ೧೮೦ನೆಯ ಡಿಗ್ರಿಯಲ್ಲಿ ಇಟ್ಟಿದೆ. ಸುಮಾರು ೧,೭೦೦ ವರ್ಷಗಳ ಹಿಂದೆ ಸೂರ್ಯನು ಚಿತ್ತೆಯನ್ನು ಸೇರುತ್ತಿದ್ದುದು ವಿಷುವದ ದಿನದಲ್ಲಿ, ಎಂದರೆ ಈಗಿನ ಲೆಕ್ಕದ ಸೆಪ್ಟೆಂಬರ್ ೨೩ರ ಹೊತ್ತಿಗೆ. ಈಗ ಸೇರುವುದು ಅಕ್ಟೋಬರ್ ೧೭ರ ಸುಮಾರಿಗೆ. ಮಳೆಗಾಲವು ನಡೆಯುವುದು ಅಯನದ ಲೆಕ್ಕದಲ್ಲಿ. ಮಳೆಯ ಹೆಸರುಗಳು ನಡೆಯುವುದು ನಕ್ಷತ್ರದ ಲೆಕ್ಕದಲ್ಲಿ. ಹೀಗಾಗಿ ಪೂರ್ವಿಕರ ಚಿತ್ತಾ ಮಳೆಗೂ ನಮ್ಮ ಚಿತ್ತಾ ಮಳೆಗೂ ಋತುವಿನಲ್ಲಿ ಮೂರು ವಾರಗಳಿಗೂ ಮಿಕ್ಕ ಅಂತರ ಬಿದ್ದಿದೆ. ಸೂರ್ಯನು ಉತ್ತರಕ್ಕೆ ತಿರುಗುವುದು ಡಿಸೆಂಬರ್ ೨೨ರ ಹೊತ್ತಿಗಾದರೂ ನಾವು ಮಕರ ಸಂಕ್ರಾಂತಿಯನ್ನು ಜನವರಿ ೧೪ರ ಹೊತ್ತಿಗೆ ಆಚರಿಸುವುದಕ್ಕೂ ಇದೇ ಕಾರಣ.

ಸ್ವಾತಂತ್ರ್ಯ ಬಂದ ಮೇಲೆ, ದೇಶದಲ್ಲಿ ಹತ್ತಾರು ಬಗೆಯ ಪಂಚಾಂಗಗಳಿದ್ದುದನ್ನು ಕಂಡು, ಸರ್ಕಾರವು ೧೯೫೨ರಲ್ಲಿ ಪಂಚಾಂಗ ಸುಧಾರಣಾ ಸಮಿತಿಯೊಂದನ್ನು ನೇಮಿಸಿತು. ಅದರ ಅಧ್ಯಕ್ಷರು ಯಾರೆಂದು ಓದಿದಾಗ ನಾನು ನಿಜವಾಗಿ ಬೆರಗಾದೆ. ಅವರೇ ಮೇಘನಾದ ಸಹಾ! ೧೯೫೫ರ ವರದಿಯಲ್ಲಿ ಸಮಿತಿಯು, ನಕ್ಷತ್ರಗಣನೆಯ ಆರಂಭದ ಬಿಂದುವು ಚಿತ್ತೆಗೆ ೧೮೦ ಡಿಗ್ರಿ ಎದುರಾಗಿರುವಂತೆ ಗೊತ್ತುಮಾಡಿ, ೧೯೫೬ನೆಯ ಮಾರ್ಚ್ ೨೧ರಂದು ಅಯನಾಂಶವು ೨೩ ಡಿಗ್ರಿ ೧೫ ಕಲೆ ಎಂದು ನಿರ್ಧರಿಸಿತು. ಸಹಾ ಅವರು ಆ ದಿನವನ್ನು ಕಾಣಲಿಲ್ಲ. ಅದೇ ಫೆಬ್ರವರಿಯಲ್ಲಿ ತೀರಿಕೊಂಡರು. ರಾಷ್ಟ್ರೀಯ ಪಂಚಾಂಗವು ೧೯೫೭ನೆಯ ಮಾರ್ಚ್ ೨೨ರಂದು ಜಾರಿಗೆ ಬಂದಿತು. ನಕ್ಷತ್ರಗಳ ಬೆಳಕನ್ನು ಓದಲು ಜಗತ್ತಿಗೆ ಕಲಿಸಿದವರೇ, ನಮ್ಮ ಮನೆಯ ಗೋಡೆಯ ಮೇಲಿನ ಪಂಚಾಂಗದ ಲೆಕ್ಕವನ್ನು ಕೂಡ ಚಿತ್ತೆಗೆ ಕಟ್ಟಿಹೋದರು. ಚಿತ್ತೆಯು ನಿತ್ಯವಲ್ಲವೆಂದು ಅವರಿಗೆ ತಿಳಿಯದುದಲ್ಲ. ಮನುಷ್ಯನ ವ್ಯವಹಾರಕ್ಕೆ ಬೇಕಾದುದು ಎಲ್ಲರೂ ಒಪ್ಪಿ ನಡೆಯುವ ಒಂದು ಗುರುತು. ಆ ಗುರುತಿನ ನಿಜಸ್ವರೂಪವನ್ನು ತಿಳಿಯುವುದು ಬೇರೆಯ ಕೆಲಸ. ಒಂದಕ್ಕಾಗಿ ಇನ್ನೊಂದನ್ನು ಬಿಡಬೇಕಾಗಿಲ್ಲ ಎಂಬುದಕ್ಕೆ ಸಹಾ ಅವರ ಬಾಳೇ ಸಾಕ್ಷಿ.

ಈ ಬಾರಿಯ ಶಿವರಾತ್ರಿಗೆ ಊರಿಗೆ ಹೋಗಿದ್ದೆ. ಜಾಗರಣೆಯ ರಾತ್ರಿ, ಚಂದ್ರನಿಲ್ಲದ ಆಕಾಶ. ನಡುರಾತ್ರಿ ಕಳೆದ ಮೇಲೆ ತಮ್ಮನನ್ನು ಗುಡಿಯ ಹಿಂದಿನ ಬಯಲಿಗೆ ಕರೆದುಕೊಂಡು ಹೋಗಿ, ಸಪ್ತರ್ಷಿಯ ಬಾಲದಿಂದ ಸ್ವಾತಿಗೂ ಸ್ವಾತಿಯಿಂದ ಚಿತ್ತೆಗೂ ಬೆರಳು ಹಿಡಿದು ತೋರಿಸಿದೆ. “ಅಣ್ಣಾ, ಇದು ಸ್ವಲ್ಪ ನೀಲಿ ಇದೆ” ಎಂದು ಅವನು ತಾನಾಗಿಯೇ ಹೇಳಿದ. ಅವನ ಕಣ್ಣು ನಂಬತಕ್ಕ ಮಾತನ್ನೇ ಹೇಳಿತು. ನಮ್ಮನ್ನು ಹುಡುಕಿಕೊಂಡು ಬಂದ ತಂದೆಯವರಿಗೂ ತೋರಿಸಿದೆ. ಐವತ್ತು ವರ್ಷಗಳಿಂದ ಚಿತ್ತಾ ಮಳೆಯನ್ನು ಕಾದು ಬಿತ್ತಿ ಬೆಳೆದವರು ಆ ನಕ್ಷತ್ರವನ್ನು ಹೆಸರು ಹಿಡಿದು ನೋಡಿದುದು ಅಂದೇ ಮೊದಲು. ಬಹಳ ಹೊತ್ತು ನೋಡಿ, “ಇಷ್ಟು ಸಣ್ಣದಾ!” ಎಂದರು.

ಆಗ ತಮ್ಮ, “ಸಣ್ಣದಲ್ಲ ಅಪ್ಪಾ, ದೂರ ಇದೆ” ಎಂದ. ದಸರೆಯಲ್ಲಿ ನಾನು ಕೊಡಲಾಗದ ಉತ್ತರವನ್ನು ಅವನೇ ಕೊಟ್ಟುಬಿಟ್ಟಿದ್ದ.